ಐದು ಕಲ್ಲಿನ ಮುಂದೆ ಗುರುಲಿಂಗಮ್ಮನ ಮಾತು

ಮುಂಜಾನೆ ಎಂಟಾಯಿತೆಂದರೆ ತೆಲುಗು ಸೀಮೆಯೊಳಗಿನ ಕನ್ನಡದೂರು ಹಿರೇಬಾವಿಯ ಬೇವಿನ ಗಿಡದ ಕೆಳಗೆ ಎರಡು ಗಾಡಿ ಬಂದು ನಿಲ್ಲುತ್ತಿದ್ದವು. ಒಂದು ಹಳದಿ ವ್ಯಾನು, ಇನ್ನೊಂದು ಡ್ರೈವರ್ ತಿರುಪತಿಯ ಆಟೋ. ವ್ಯಾನಿನ ಮುಖ ಮಕ್ತಲ್ ಕಡೆಗೆ, ಆಟೋದ ಮುಖ ಜೂರಾಲ ಡ್ಯಾಮಿನ ಕಡೆಗೆ. ವ್ಯಾನು ಹತ್ತುವ ಮಕ್ಕಳ ಕೊರಳಿಗೆ ಟೈ, ಬೆನ್ನಿಗೆ ಚೀಲ, ಕೈಯಲ್ಲಿ ನೀರಿನ ಬಾಟ್ಲಿ. ಆಟೋ ಹತ್ತುವ ಹುಡುಗಿಯರ ಮೈಮೇಲೆ ಅಪ್ಪನದೋ ಅಣ್ಣನದೋ ತುಂಬುತೋಳಿನ ಹಳೇ ಅಂಗಿ, ತಲೆಗೆ ಟವೆಲು, ಕೈಯಲ್ಲಿ ಬುತ್ತಿ ಗಂಟು. ಹತ್ತಿ ಗಿಡ ಮೈ ಕೆರೆಯುತ್ತದೆ ಅಂತ ಆ ಅಂಗಿ. ಟೈ ಕಟ್ಟಿದವರೂ ಅಂಗಿ ತೊಟ್ಟವರೂ ಒಂದೇ ಎತ್ತರದವರು, ಒಂದೇ ಅಂಗನವಾಡಿಯ ಚಾಪೆ ಮೇಲೆ ಮಲಗೆದ್ದವರು. ಎರಡೂ ಗಾಡಿ ಒಂದೇ ಹೊತ್ತಿಗೆ ಹಾರ್ನ್ ಹೊಡೆದು, ಒಂದಕ್ಕೊಂದು ಬೆನ್ನು ತಿರುಗಿಸಿ, ತಮ್ಮ ತಮ್ಮ ದಾರಿ ಹಿಡಿಯುತ್ತಿದ್ದವು. ಊರಿಗೆ ಅದರಲ್ಲಿ ಹೊಸದೇನೂ ಕಾಣುತ್ತಿರಲಿಲ್ಲ. ಗಿಡದ ಮೇಲೆ ಕಾಗೆ ಕೂಡೋದು ಹೆಂಗೋ, ಗಿಡದ ಕೆಳಗೆ ಈ ಗಾಡಿ ನಿಲ್ಲೋದೂ ಹಂಗೇ.

ಆ ಆಟೋ ತುಂಬಿಸುತ್ತಿದ್ದವಳು ಗುರುಲಿಂಗಮ್ಮ.

ಐವತ್ತು ದಾಟಿದ ಹೆಂಗಸು. ಹಣೆ ತುಂಬ ವಿಭೂತಿ. ಮುಂಜಾನೆ ಸೊಂಟಕ್ಕೆ ಸಿಕ್ಕಿಸಿದ ಸೆರಗು ಕೆಳಗಿಳಿಯೋದು ಸಂಜೆಗೇ. ಬಾಯಿ ದೊಡ್ಡದು, ಈ ಬದುವಿನ ಮೇಲೆ ನಿಂತು ಕೂಗಿದರೆ ಆಚೆ ಹೊಲದ ಎತ್ತು ಕಿವಿ ನಿಮಿರಿಸಬೇಕು. ಹತ್ತಿ ಹೊಲಕ್ಕೆ ಹೆಣ್ಣಾಳು ಕಟ್ಟಿಕೊಂಡು ಹೋಗುವ ಮೇಸ್ತ್ರಿ ಅವಳು. ಮಗ ಮಕ್ತಲ್ ಮಾರ್ಕೆಟ್ಟಿನಲ್ಲಿ ಹಮಾಲಿ, ಸೊಸೆ ಬೀಡಿ ಸುತ್ತುತ್ತಾಳೆ. ಆದರೂ ಊರಲ್ಲಿ ಆ ಮನೆಗೆ ಹೆಸರು ಗುರುಲಿಂಗಮ್ಮನ ಮನೆ ಅಂತಲೇ.

ಈ ಸೀಮೆಯ ಹತ್ತಿಯಲ್ಲಿ ಎರಡು ಬಗೆ. ಒಂದು ನೂಲಿಗೆ, ಒಂದು ಬೀಜಕ್ಕೆ. ಬೀಜದ ಹತ್ತಿಗೆ ಮನುಷ್ಯರ ಕೈ ಬೇಕು. ನಾಳೆ ಅರಳಬೇಕಾದ ಮೊಗ್ಗನ್ನು ಇವತ್ತಿನ ಸಂಜೆಯೇ ಹುಡುಕಿ, ಉಗುರಿನಿಂದ ಅದರ ಎಸಳು ಕೇಸರ ಎಲ್ಲ ಸುಲಿದು, ಗುರುತಿಗೊಂದು ಕೆಂಪು ಕಾಗದದ ಚೂರು ಸಿಕ್ಕಿಸಬೇಕು. ಮರುದಿನ ಮುಂಜಾನೆ ಗಂಡು ಗಿಡದ ಹೂ ಅರಳಿದ ಕೂಡಲೇ ಅದನ್ನು ಕಿತ್ತು ತಂದು, ಸುಲಿದಿಟ್ಟ ಮೊಗ್ಗಿನ ತುದಿಗೆ ಮೆಲ್ಲಗೆ ಸವರಬೇಕು. ಬಿಸಿಲೇರುವುದರೊಳಗೆ ಹೊಲ ಮುಗಿಯಬೇಕು. ಕ್ರಾಸಿಂಗ್ ಅಂತಾರೆ ಇದಕ್ಕೆ. ಶ್ರಾವಣ ಕಾಲಿಟ್ಟಿತೆಂದರೆ ಗದ್ವಾಲ ಸೀಮೆಯಲ್ಲಿ ಎಲ್ಲರ ಬಾಯಲ್ಲೂ ಇದೇ ಮಾತು.

ಕೆಲಸ ನಾಜೂಕು, ಅದಕ್ಕೆ ಸಣ್ಣ ಕೈ ಬೇಕು ಅಂತ ಹೊಲದವರ ಒಂದು ವಾದ. ಅದರ ಬೆನ್ನಿಗೇ ಇನ್ನೊಂದು. ತಿಂಗಳಿಗೊಮ್ಮೆ ಕಡಿಗೆ ಕೂಡುವ ಹೆಂಗಸು, ಅಂದರೆ ಮುಟ್ಟಾಗುವ ಹೆಂಗಸು, ಆ ದಿನಗಳಲ್ಲಿ ಹತ್ತಿ ಸಾಲಿಗೆ ಕಾಲಿಟ್ಟರೆ ಸವರಿದ ಹೂ ನಿಲ್ಲೋದಿಲ್ಲ, ಉದುರಿ ಹೋಗುತ್ತದೆ ಅಂತ. ಬೇರೆ ಹೊಲಗಳಲ್ಲಿ ಈ ಕಟ್ಟು ಸಡಿಲಾಗಿತ್ತು. ಹಿರೇಬಾವಿಯ ಶರಣಯ್ಯ ಸಾವ್ಕಾರನ ಹೊಲದಲ್ಲಿ ಮಾತ್ರ ಇನ್ನೂ ಬಿಗಿ. ಡ್ಯಾಮಿನ ಆಚೆ, ಧರೂರಿನ ಹಾದಿಯಲ್ಲಿ, ಹೆಂಡತಿಯ ತವರಿನಿಂದ ಬಂದ ಹೊಲ ಅದು. ಬದುವಿನ ಮೇಲೆ ಪಾಂಡವರೆಂದು ಸುಣ್ಣ ಬಳಿದು ಇಟ್ಟ ಐದು ಕಲ್ಲು. ದಿನಾ ಮುಂಜಾನೆ ಮೇಸ್ತ್ರಿ ಆ ಕಲ್ಲಿಗೆ ಅರಿಶಿನ ಹಚ್ಚಿ, ಕಲ್ಲು ಮುಟ್ಟಿ, "ನಮ್ಮೊಳಗ ಯಾರೂ ಕಡಿಗೆ ಇಲ್ಲ" ಅಂತ ಆಣೆ ಮಾಡಿದ ಮೇಲೇ ಆಳು ಒಳಗಿಳಿಯಬೇಕು. ಇನ್ನೂ ದೊಡ್ಡವರಾಗದ ಹುಡುಗಿಯರನ್ನೇ ತಂದುಬಿಟ್ಟರೆ ಆಣೆಗೆ ಮೋಸವಿಲ್ಲ, ಕೂಲಿಯೂ ಕಮ್ಮಿ. ಎರಡನೇದನ್ನು ಶರಣಯ್ಯ ಬಾಯಿ ಬಿಟ್ಟು ಹೇಳುತ್ತಿರಲಿಲ್ಲ.

ಗುರುಲಿಂಗಮ್ಮನ ಬದುಕನ್ನೇ ಈ ದಸ್ತೂರು ಮೂರು ತುಂಡು ಮಾಡಿತ್ತು. ಅವಳು ಸಾಲಿಯ ಮುಖ ಕಂಡವಳೇ, ಒಂದು ಮಳೆಗಾಲದ ಮಟ್ಟಿಗೆ. ಆಗ ಯಾರೋ ಬಂದು ಅವಳ ಬೆರಳು ಹಿಡಿದು ನೋಡಿ, "ಸೂಜಿ ಇದ್ದಂಗ ಅದಾವಲ್ಲೋ ಈ ಕೂಸಿನ ಬಳ್ಳು!" ಅಂದರು. ಅಪ್ಪನಿಗೆ ಹೆಮ್ಮೆಯಾಯಿತು. ಮರುದಿನದಿಂದ ಸಾಲಿ ತಪ್ಪಿ ಹೊಲವಾಯಿತು. ದೊಡ್ಡವಳಾದ ದಿನ ಹತ್ತಿ ಹೊಲದಿಂದ ಹೊರಗೆ ಹಾಕಿದರು. ಆಮೇಲೆ ಕಳೆ ತೆಗೆದಳು, ಭತ್ತ ನೆಟ್ಟಳು, ಮದುವೆಯಾದಳು, ಹಡೆದಳು, ಗಂಡನನ್ನು ಮಣ್ಣಿಗಿಟ್ಟಳು. ಮುಟ್ಟು ನಿಂತ ವರ್ಷ ಅದೇ ಹೊಲದವರು ಮತ್ತೆ ಕರೆದರು, ಈ ಸಲ ಮೇಸ್ತ್ರಿ ಅಂತ. "ಇನ್ನ ನಿನಗ ಯಾವ ಅಡ್ಡಿನೂ ಇಲ್ಲ ಬಾ" ಅಂದರು. ಬಂದಳು. ಐದು ಕಲ್ಲಿನ ಮುಂದೆ ಅವಳಾಡಿದ ಮಾತು ಹೊಳೆಯ ಎರಡೂ ದಂಡೆಯಲ್ಲಿ ನಡೆಯುತ್ತಿತ್ತು. ಅವಳ ಆಸ್ತಿ ಅಂದರೆ ಅದೊಂದೇ, ಆ ಮಾತು.

ಹೋದ ಶ್ರಾವಣದಲ್ಲಿ ಕೇರಿಯ ಕಿಷ್ಟಮ್ಮ ತನ್ನ ಮಗಳ ಕೈ ಹಿಡಿದು ಗುರುಲಿಂಗಮ್ಮನ ಅಂಗಳಕ್ಕೆ ಬಂದಳು. ಮಗಳ ಹೆಸರು ಹರಿತಾ. ನಾಲ್ಕನೇ ತರಗತಿ. ಎರಡು ಜಡೆ, ಒಂದಕ್ಕೆ ರಿಬ್ಬನ್ನು, ಇನ್ನೊಂದಕ್ಕೆ ಅರಿವೆಯ ಚೂರು.

"ಕರಕೊಂಡು ಹೋಗ್ರೀ ಅಮ್ಮ ಈಕಿನ್ನ," ಅಂದಳು ಕಿಷ್ಟಮ್ಮ. "ನಮ್ಮವರು ಹೈದರಾಬಾದಿನಾಗ ಸೆಂಟ್ರಿಂಗ್ ಮ್ಯಾಲಿಂದ ಬಿದ್ದು ಕಾಲು ಮುರಕೊಂಡು ಬಂದಾರ. ಕಳೆ ಕೆಲಸನೂ ಮುಗೀತು. ನನ್ನ ಅಂತೂ ನೀವು ಕರಕೊಳ್ಳಂಗಿಲ್ಲ."

"ಸಾಲಿಗೆ ಹೋಗ್ತಿದ್ದಳಲ್ಲ?"

"ಹೋಗ್ತಿದ್ದಳು." ಕಿಷ್ಟಮ್ಮ ಮಗಳ ಮುಖ ನೋಡಲಿಲ್ಲ. "ನಾನೂ ಹೋಗ್ತಿದ್ದೆ. ಅದೇ ಸಾವ್ಕಾರನ ಹೊಲಕ್ಕ ನಮ್ಮವ್ವ ನನ್ನ ಕಳಿಸಿದ್ಲು. ದೊಡ್ಡಾಕಿ ಆದ ದಿನ ಅದೇ ಬದುವಿನಿಂದ ಹೊರಗ ಕಳಿಸಿದ್ರು. ಈಗ ಮಗಳು ಒಳಗ ಹೊಂಟಾಳ. ಇಷ್ಟೇ ಅಲ್ರೀ ನಮ್ಮ ಪಾಳಿ?"

ಗುರುಲಿಂಗಮ್ಮ ಹುಡುಗಿಯ ಕೈ ತಿರುವಿ ನೋಡಿದಳು. ಸೂಜಿ ಇದ್ದಂಗ ಇದ್ದವು.

ಮರುದಿನ ಬೇವಿನ ಗಿಡದ ಕೆಳಗೆ ಹರಿತಾ ಅಪ್ಪನ ಅಂಗಿಯೊಳಗೆ ಮುಳುಗಿ ನಿಂತಿದ್ದಳು. ತೋಳು ಮಡಚಿ ಮಡಚಿ ಬಳೆ ಇದ್ದಂಗಾಗಿತ್ತು. ಹಳದಿ ವ್ಯಾನಿನ ಕಿಟಕಿಯಿಂದ ಶರಣಯ್ಯನ ಮಗಳು ಶಿವಗಂಗಾ ಕೈ ಬೀಸಿದಳು. ಇಬ್ಬರೂ ಅಂಗನವಾಡಿಯ ಗೆಳತಿಯರು. ಹರಿತಾನೂ ಕೈ ಬೀಸಿದಳು. ಅಂಗಿಯ ತೋಳು ಬಿಚ್ಚಿಕೊಂಡು ಕೈಯನ್ನು ಪೂರಾ ನುಂಗಿತು. ಆಟೋ ಹೊರಟ ಮೇಲೆ ಅವಳು ಗುರುಲಿಂಗಮ್ಮನ ಕಡೆ ತಿರುಗಿ ಕೇಳಿದಳು:

"ಅಜ್ಜೀ, ಶಿವಗಂಗಾನ ಕೈನೂ ಸಣ್ಣವೇ ಅದಾವಲ್ಲ?"

"ಅಜ್ಜಿ ಅನಬ್ಯಾಡ ನನಗ. ಇನ್ನಾ ಹಲ್ಲು ಅದಾವ."

"ಆತು ಅಮ್ಮ. ಆದ್ರ ಅಕಿ ಕೈನೂ ಸಣ್ಣವೇ ಅದಾವಲ್ಲ?"

ಉಳಿದ ಹುಡುಗಿಯರು ಕಿಸಕ್ಕನೆ ನಕ್ಕರು. ಮುಂದೆ ಕೂತ ತಿರುಪತಿ ಕನ್ನಡಿಯಲ್ಲಿ ಗುರುಲಿಂಗಮ್ಮನ ಮುಖ ನೋಡಿ, "ಜವಾಬು ಚೆಪ್ಪಕ್ಕಾ, ಕೇಳ್ತಾಳಲ್ಲ," ಅಂದ. "ನೀನು ರಸ್ತಾ ನೋಡಿ ಹೊಡಿ," ಅಂತ ಅವನಿಗೆ ಬೈದಳು.

ಅವತ್ತು ಸಂಜೆ ಮೌನೇಶ್ ಮಾಸ್ತರ್ರು ಸೈಕಲ್ ಮೋಟಾರು ನಿಲ್ಲಿಸಿ ಅವಳ ಕಟ್ಟೆಗೆ ಬಂದು ಕೂತರು. ಹಿರೇಬಾವಿಯ ಕನ್ನಡ ಸಾಲಿಗೆ ಅವರೊಬ್ಬರೇ ಮಾಸ್ತರು. ಒಂದರಿಂದ ಐದರ ತನಕ ಎಲ್ಲವೂ ಅವರೇ. ಕನ್ನಡ, ಲೆಕ್ಕ, ಅದರ ಜೊತೆಗೆ ತೆಲುಗು.

"ಗುರುಲಿಂಗಮ್ಮಾರೇ, ನಿಮ್ಮ ಆಟೋದಾಗ ನನ್ನ ಅರ್ಧ ಸಾಲಿ ಐತ್ರಿ."

"ಇಳಿಸ್ಕೊಂಡು ಹೋಗ್ರಿ ಮಾಸ್ತರ್ರೇ. ಹೋಗಾಗ ಅವರವರ ಮನೀ ಒಲಿನೂ ಹಚ್ಚಿ ಹೋಗ್ರಿ."

"ಸಾಲಿ ಬಿಟ್ಟ ಮ್ಯಾಲ ಕರಕೊಂಡು ಹೋಗಾಕ ಬರಂಗಿಲ್ಲೇನು?"

"ಹೂವಿಗೆ ಹೇಳಿ ನೋಡ್ರಿ, ನಾಕು ಗಂಟೆಕ್ಕ ಅರಳು ಅಂತ. ನಿಮ್ಮ ಮಾತು ಕೇಳಬಹುದು, ಓದಿದವರು."

ಮಾಸ್ತರ್ರು ನಕ್ಕರು. ಆಮೇಲೆ ಮೆಲ್ಲಗೆ ಅಂದರು: "ಆ ಕಿಷ್ಟಮ್ಮನ ಮಗಳು ಹರಿತಾ ಅದಾಳಲ್ಲ, ಕನ್ನಡನೂ ಓದ್ತಾಳ, ತೆಲುಗೂ ಓದ್ತಾಳ. ಕಿರಾಣಿ ಅಂಗಡಿಯಾಗ ಪುಡಿಕೆ ಕಟ್ಟಿದ ಪೇಪರೂ ಬಿಡಂಗಿಲ್ಲ. ಈ ವರ್ಷ ತಪ್ಪಿಸಿದ್ರ ಮತ್ತ ಬರಂಗಿಲ್ರಿ ಅಕಿ. ನಾ ನೋಡೀನಿ, ಹೊಲಕ್ಕ ಹೋದ ಮಕ್ಕಳು ವಾಪಸ್ ಬಂದು ಕುಂತ್ರ ಹಿಂದಿನ ಗ್ವಾಡಿಗೆ ಆತು ಕುಂದರತಾರ. ಅಕಿನ್ನೊಬ್ಬಾಕಿನ್ನರ ಬಿಡ್ರಿ."

"ಒಬ್ಬಾಕಿನ್ನ ಬಿಟ್ರ ಉಳಿದವರು ಏನು ಪಾಪ ಮಾಡ್ಯಾರ?" ಅಂತ ಗುರುಲಿಂಗಮ್ಮ ಫಟ್ಟನೆ ಅಂದಳು. ಮಾಸ್ತರ್ರ ಬಾಯಿ ಮುಚ್ಚಿಸಲು ಆಡಿದ ಮಾತು. ಅವರು ಎದ್ದು ಹೋದ ಮೇಲೆ ಆ ಮಾತು ಹೋಗಲಿಲ್ಲ, ಕಟ್ಟೆಯ ಮೇಲೇ ಕೂತಿತ್ತು.

ಹೊಲದ ಕೆಲಸಕ್ಕೆ ನಡುಮಧ್ಯಾಹ್ನ ಒಂದು ಬಿಡುವು. ಮುಂಜಾನೆಯ ಸವರೋದು ಮುಗಿದು ಸಂಜೆಯ ಸುಲಿಯೋದು ಶುರುವಾಗುವ ತನಕ. ಆ ಬಿಡುವಿನಲ್ಲಿ ಗುರುಲಿಂಗಮ್ಮನ ಗುಂಪು ಡ್ಯಾಮಿನ ಕೆಳಗಡೆ ಹೊಳೆಯ ದಂಡೆಗೆ ಇಳಿದು ಬುತ್ತಿ ಬಿಚ್ಚುತ್ತಿತ್ತು. ಅಲ್ಲೊಂದು ತಗಡಿನ ಬೋರ್ಡು, ಎರಡು ಕಬ್ಬಿಣದ ಕಂಬದ ಮೇಲೆ. ಬಣ್ಣ ಮಾಸಿತ್ತು, ಬರೀ ಅಕ್ಷರ ಉಳಿದಿದ್ದವು. ಅದರ ನೆರಳು ಹಾಸಿದ ಸೀರೆಯಷ್ಟು ಅಗಲ ಬೀಳುತ್ತಿತ್ತು. ಕಂಬಕ್ಕೆ ಬುತ್ತಿ ಗಂಟು ತೂಗುಹಾಕಿದರೆ ಇರುವೆಯ ಕಾಟವಿಲ್ಲ. ಯಾವ ಕೇರಿಯವರು ಎಲ್ಲಿ ಕೂಡಬೇಕೆಂಬ ಲೆಕ್ಕವನ್ನೂ ಹುಡುಗಿಯರು ಅಲ್ಲಿ ಮರೆಯುತ್ತಿದ್ದರು, ನೆರಳು ಇದ್ದದ್ದೇ ಅಷ್ಟು. ಯಾವನೋ ಮಂತ್ರಿ ಬಂದು ಕಲ್ಲಿಟ್ಟು ಹೋದ ಬೋರ್ಡಿರಬೇಕು ಅಂತ ಗುರುಲಿಂಗಮ್ಮನ ಎಣಿಕೆ. ಯಾರಾದರೇನು, ನೆರಳು ಕೊಟ್ಟ ಪುಣ್ಯಾತ್ಮ ಅಂತ ಪ್ರತಿ ವರ್ಷ ಕೆಲಸ ಶುರುವಾದ ದಿನ ಆ ಬೋರ್ಡಿಗೂ ಮೂರು ಬೆರಳು ವಿಭೂತಿ ಎಳೆಯುತ್ತಿದ್ದಳು.

ಮೊದಲ ದಿನ ದಣಿದು ಉಂಡ ಕೂಡಲೇ ಮಲಗಿದ್ದ ಹರಿತಾ ಎರಡನೇ ದಿನ ಬುತ್ತಿ ಬಿಚ್ಚಲಿಲ್ಲ. ನಿಂತೇ ಇದ್ದಳು, ತಲೆ ಮೇಲೆತ್ತಿ.

"ಕುಂದ್ರಬೇ, ರೊಟ್ಟಿ ಆರತೈತಿ," ಅಂದಳು ಗುರುಲಿಂಗಮ್ಮ.

"ಇಲ್ಲಿ ಕುಂದ್ರಬಾರದಂತ ಅಮ್ಮ."

"ಯಾರು ಹೇಳಿದ್ರು ನಿನಗ? ಯಾರು ಬೈದ್ರು?"

"ಯಾರೂ ಇಲ್ಲ. ಬೋರ್ಡು ಹೇಳತೈತಿ." ಹುಡುಗಿ ಬೆರಳಿಟ್ಟು ತೋರಿಸುತ್ತ, ಸಾಲಿಯಲ್ಲಿ ಎದ್ದು ನಿಂತು ಓದುವ ರಾಗದಲ್ಲಿ ಓದಿದಳು. "ಪ್ರಮಾದಂ. ನೀಟಿಲೋಕಿ ದಿಗರಾದು. ಗೇಟ್ಲು ಎಪ್ಪುಡೈನಾ ತೆರುಸ್ತಾರು. ಅಂದ್ರ, ಅಪಾಯ ಐತಿ, ನೀರಿಗೆ ಇಳೀಬಾರದು, ಗೇಟು ಯಾವಾಗ ಬೇಕಾದ್ರೂ ತಗೀತಾರ ಅಂತ. ಈ ಮೊದಲಿನ ಅಕ್ಷರದ ಮ್ಯಾಲ ಏನೋ ಬೂದಿ ಬಡದೈತಿ, ಅದಕ್ಕ ಸರಿ ಕಾಣವಲ್ದು."

ಗುರುಲಿಂಗಮ್ಮ ಕೈಯಲ್ಲಿದ್ದ ತುತ್ತನ್ನು ಬುತ್ತಿಗೆ ವಾಪಸು ಹಾಕಿದಳು. ಆ ಬೂದಿ ಅವಳೇ ಬಳಿದದ್ದು. ಎಷ್ಟು ಶ್ರಾವಣ, ಎಷ್ಟು ಮಂದಿ ಕೂಸುಗಳು ಈ ಬೋರ್ಡಿನ ಕೆಳಗೆ ಉಂಡು, ನೀರಿಗಿಳಿದು ಕೈ ತೊಳೆದು, ಮೊಣಕಾಲುದ್ದ ನೀರಲ್ಲಿ ಚೆಲ್ಲಾಟವಾಡಿದ್ದವು. ಅವಳೇ ಕೂಡಿಸಿದ್ದಳು. ಅವಳೇ "ಹೋಗ್ರಿ, ಕಾಲು ತೊಳಕೊಂಡು ಬರ್ರಿ" ಅಂದಿದ್ದಳು.

"ಏಳ್ರೇ! ಎಲ್ಲಾರೂ ಏಳ್ರಿ! ಗಂಟು ಎತ್ರಿ!"

ಹುಡುಗಿಯರನ್ನು ದಂಡೆಯ ಮೇಲಕ್ಕೆ ಅಟ್ಟಿಕೊಂಡು ಹೋದಳು. ಅವತ್ತು ನೀರೇನೂ ಬರಲಿಲ್ಲ. ಹೊಳೆ ತನ್ನ ಪಾಡಿಗೆ ತಾನು ಹರಿಯುತ್ತಿತ್ತು. ಬಂದಿದ್ದರೆ ಅಂತ ಅವಳು ತಿರುತಿರುಗಿ ನೀರನ್ನೇ ನೋಡಿದಳು. ಮೇಲೆ ಆಟೋದಲ್ಲಿ ಕಾಲು ಚಾಚಿ ಮಲಗಿದ್ದ ತಿರುಪತಿಯನ್ನು ತಟ್ಟಿ ಎಬ್ಬಿಸಿದಳು.

"ನಿನಗ ತೆಲುಗು ಓದಾಕ ಬರತೈತಿ ಹೌದಲ್ಲೋ?"

"ಐದೋ ಕ್ಲಾಸು ತನಕ ಓದೀನಕ್ಕಾ. ಫಸ್ಟ್ ಕ್ಲಾಸಾಗಿ ಬರತೈತಿ."

"ಮತ್ತ ಆ ಬೋರ್ಡು ಯಾಕ ಓದಲಿಲ್ಲ ಇಷ್ಟು ವರ್ಷ?"

"ನಾ ಯಾವಾಗ ಕೆಳಗ ಇಳದೀನಿ? ನೀವು ಉಣ್ಣಾಕ ಇಳೀತೀರಿ, ನಾ ಇಲ್ಲೇ ಮಲಗ್ತೀನಿ." ಕಣ್ಣುಜ್ಜಿಕೊಂಡು ಕೇಳಿದ, "ಏನೈತಿ ಅದರಾಗ?"

ಗುರುಲಿಂಗಮ್ಮ ಹೊಲದ ಹಾದಿ ಹಿಡಿದಳು. ಓದುವವರು ಮೇಲೆ ಮಲಗಿದ್ದರು, ಕೆಳಗೆ ಇಳಿಯುವವರಿಗೆ ಓದು ಇರಲಿಲ್ಲ. ಇದನ್ನೇ ತಲೆಯಲ್ಲಿ ತಿರುವಿ ಹಾಕುತ್ತ ಸಂಜೆಯ ಕೆಲಸ ಮುಗಿಸಿದಳು. ಊರಿಗೆ ಬಂದು ಆಟೋ ಇಳಿದವಳು ಮನೆಗೆ ಹೋಗದೆ ನೆಟ್ಟಗೆ ಶರಣಯ್ಯನ ಮನೆಯ ಪಡಸಾಲೆಗೆ ಹೋದಳು.

ಶರಣಯ್ಯ ಚಹಾ ಕುಡಿಯುತ್ತಿದ್ದ. ಅವನ ಹೆಂಡತಿ ಭಾಗ್ಯಜ್ಯೋತಿ ಬಾಗಿಲ ಹತ್ತಿರ ಕೂತು ಅಕ್ಕಿ ಆರಿಸುತ್ತಿದ್ದಳು. ಮೂಲೆಯಲ್ಲಿ ಶಿವಗಂಗಾ ಹೋಂವರ್ಕು ಬರೆಯುತ್ತಿದ್ದಳು.

"ಸಾವ್ಕಾರ್ರೇ, ನಾಳಿಂದ ಸಣ್ಣ ಹುಡುಗ್ಯಾರನ್ನ ತರಂಗಿಲ್ಲ ನಾನು."

"ಮತ್ತ ಯಾರನ್ನ ತರ್ತೀ? ನಿಮ್ಮಜ್ಜಿನ್ನ?"

"ಅವರವ್ವಗೋಳನ್ನ."

ಶರಣಯ್ಯ ಬಟ್ಟಲು ಕೆಳಗಿಟ್ಟ. "ತಲಿ ನೆಟ್ಟಗೈತೇನು? ಹರೇದ ಹೆಂಗಸರು. ದಿನಾ ಒಬ್ಬಾಕಿ ಇಲ್ಲಂದ್ರ ಇನ್ನೊಬ್ಬಾಕಿ ಕಡಿಗೆ ಇದ್ದೇ ಇರ್ತಾಳ. ನೀ ಕಲ್ಲು ಮುಟ್ಟಿ ಏನಂತ ಆಣಿ ಮಾಡ್ತೀ?"

"ಮಾಡಂಗಿಲ್ಲ. ಕೇಳಂಗೂ ಇಲ್ಲ."

"ಹೂ ಉದುರಿದ್ರ?"

ಗುರುಲಿಂಗಮ್ಮ ಒಂದು ಉಸಿರು ತೆಗೆದುಕೊಂಡಳು. "ಹೊಲದ ನಡುವಿನ ಮೋಟಾರು ಕೋಣೆಯಿಂದ ಈಚೆ ನಮ್ಮ ಹೆಂಗಸರಿಗೆ ಬಿಡ್ರಿ. ಆಚೆ ಹೆಂಗೂ ಧರೂರಿನ ಗುಂಪು ಐತಿ, ಅವರು ಹುಡುಗ್ಯಾರನ್ನೇ ತರ್ತಾರ, ಆಣಿನೂ ಮಾಡ್ತಾರ. ಒಂದು ವಾರ ನೋಡ್ರಿ. ನಮ್ಮ ಕಡೆ ಹೂ ಹೆಚ್ಚು ಉದುರಿದ್ರ ಈ ಮೇಸ್ತ್ರಿಕಿ ಬಿಡ್ತೀನಿ. ನಾನೇ ಆ ಹುಡುಗ್ಯಾರ ಕೈ ಹಿಡಕೊಂಡು ಬಂದು, ಕಿಷ್ಟಮ್ಮನ ಮಗಳನ್ನೂ ಸೇರಿಸಿ, ನಿಮ್ಮ ಬದುವಿನ ಮ್ಯಾಲ ನಿಲ್ಲಿಸ್ತೀನಿ. ಮುಂದ ಸಾಲಿ ಅಂತ ಒಂದು ಮಾತಾಡಂಗಿಲ್ಲ."

"ದೊಡ್ಡವರ ಕೂಲಿ ಯಾರು ಕೊಡ್ತಾರ?"

ಮೊರದ ಮೇಲಿಂದ ತಲೆ ಎತ್ತದೆ ಭಾಗ್ಯಜ್ಯೋತಿ ಅಂದಳು, "ಮಗಳ ವ್ಯಾನಿಗೆ ಕೊಡೋರು."

ಶರಣಯ್ಯ ಹೆಂಡತಿಯ ಕಡೆ ನೋಡಿದ, ಮಗಳ ಕಡೆ ನೋಡಿದ. "ಒಂದೇ ವಾರ," ಅಂದ.

ಹೆಂಗಸರನ್ನು ಒಪ್ಪಿಸೋದು ಸಾವ್ಕಾರನನ್ನು ಒಪ್ಪಿಸಿದ್ದಕ್ಕಿಂತ ಕಷ್ಟವಾಯಿತು. ಒಬ್ಬಳು, "ಪಾಂಡವರು ಸುಮ್ಮನ ಬಿಡಂಗಿಲ್ಲ," ಅಂದಳು. ಇನ್ನೊಬ್ಬಳು, "ನಮ್ಮತ್ತಿಗೆ ಗೊತ್ತಾದ್ರ ಪಾಂಡವರಿಗಿಂತ ಮೊದಲು ಅಕಿನೇ ನನ್ನ ಮುಗಸ್ತಾಳ," ಅಂದಳು. ಗುರುಲಿಂಗಮ್ಮ ಕೊನೆಗೆ ಕಿಷ್ಟಮ್ಮನ ಮನೆಗೆ ಹೋದಳು. ಮಂಚದ ಮೇಲೆ ಪಟ್ಟಿ ಕಟ್ಟಿದ ಕಾಲಿನ ಗಂಡ. ಒಲೆಯ ಮುಂದೆ ಕಿಷ್ಟಮ್ಮ.

"ಹರಿತಾ ನಾಳಿಂದ ಬ್ಯಾಡ. ನೀ ಬಾ."

ಕಿಷ್ಟಮ್ಮನಿಗೆ ಮೊದಲು ಅರ್ಥವಾಗಲಿಲ್ಲ. ಅರ್ಥವಾದ ಮೇಲೆ ತನ್ನ ಕೈ ನೋಡಿಕೊಂಡಳು. ಕಳೆ ಕಿತ್ತು ಕಿತ್ತು ಒರಟಾದ ಕೈ. "ಈ ಕೈ ನಡೀತಾವೇನ್ರೀ ಅಮ್ಮ?"

"ನನ್ನ ಕೈ ನೋಡು. ನಿನ್ನವು ಇವಕ್ಕಿಂತ ಎಷ್ಟೋ ಚಲೋ."

"ನಾಳೆ..." ಕಿಷ್ಟಮ್ಮ ದನಿ ಇಳಿಸಿದಳು, "ನಾನು ಕಡಿಗೆ ಅದೀನ್ರಿ."

"ನಾ ಕೇಳಲಿಲ್ಲ," ಅಂದಳು ಗುರುಲಿಂಗಮ್ಮ. "ನೀ ಹೇಳಲಿಲ್ಲ. ಎಂಟಕ್ಕ ಗಿಡದ ಕೆಳಗ ಬಾ."

ಮಂಚದ ಮೇಲಿದ್ದ ಗಂಡ ಕೆಮ್ಮಿ, "ಹೋಗು," ಅಂದ. "ಕೂಸು ಸಾಲಿಗೆ ಹೋಗಲಿ." ಕಿಷ್ಟಮ್ಮ ಹೊರಟಳೆಂದು ಗೊತ್ತಾದ ಮೇಲೆ ಉಳಿದವರೂ ಒಬ್ಬೊಬ್ಬರಾಗಿ ಬಂದರು. ಅತ್ತೆಗೆ ಹೆದರಿದವಳು ಅತ್ತೆಯನ್ನೂ ಕರೆದುಕೊಂಡೇ ಬಂದಳು. ಮುದುಕಿಗೆ ಆಟೋ ಸವಾರಿ ಬೇಕಿತ್ತಂತೆ.

ಐದು ಕಲ್ಲಿನ ಮುಂದೆ ಅವತ್ತು ಗುರುಲಿಂಗಮ್ಮ ಅರಿಶಿನ ಹಚ್ಚಿದಳು, ಕೈ ಮುಗಿದಳು, ಬಾಯಿ ಮಾತ್ರ ಬಿಚ್ಚಲಿಲ್ಲ. ಮೋಟಾರು ಕೋಣೆಯ ಆಚೆಯಿಂದ ಧರೂರಿನ ಗುಂಪಿನ ಹುಡುಗಿಯರು ಕತ್ತು ಉದ್ದ ಮಾಡಿ ನೋಡುತ್ತಿದ್ದರು. ಕಿಷ್ಟಮ್ಮ ಬದುವಿನ ಮೇಲೆ ನಿಂತು ಒಳಗೆ ಕಾಲಿಡಲಾರದೆ ನಿಂತಳು. ಅವಳನ್ನು ಹೊರಗೆ ಕಳಿಸಿದ ಬದು ಅದೇ. ಆಮೇಲೆ ಕಣ್ಣು ಮುಚ್ಚಿ ಇಳಿದಳು. ಮೊದಲನೇ ಗಿಡದ ಮುಂದೆ ಬಗ್ಗಿದಳು, ಮೊಗ್ಗು ಹಿಡಿದಳು. ಬೆರಳಿಗೆ ಎಲ್ಲ ನೆನಪಿತ್ತು. "ಅಯ್ಯ, ಮರತಿಲ್ಲಲ್ರೀ!" ಅಂತ ಕೂಗಿದಳು. ಹೆಂಗಸರು ನಕ್ಕರು. ಆಮೇಲೆ ಹಾಡು ಶುರುವಾಯಿತು. ಹುಡುಗಿಯರ ಗುಂಪಿನಲ್ಲಿ ಮೇಸ್ತ್ರಿಯ ಬೈಗುಳವೇ ಕೇಳುತ್ತಿದ್ದ ಹೊಲದಲ್ಲಿ ಆವತ್ತು ಸೋಬಾನೆ ಪದ ಕೇಳಿತು.

ಎರಡು ದಿನ ಚಲೋ ನಡೆಯಿತು. ಮೂರನೇ ದಿನ ಮುಂಜಾನೆ ಸವರೋ ಹೊತ್ತಿಗೇ ಮಳೆ ಬಂತು. ದೊಡ್ಡ ಮಳೆಯಲ್ಲ, ಒಂದು ಜಡಿ. ಹತ್ತಿ ಹೂವಿಗೆ ಅಷ್ಟೇ ಸಾಕು. ಹೆಂಗಸರು ತಲೆಯ ಮೇಲೆ ಚೀಲ ಹಾಕಿಕೊಂಡು ನಿಂತರು. ಗುರುಲಿಂಗಮ್ಮ ನೆನೆಯುತ್ತಲೇ ನಿಂತಳು. ಇದು ಯಾರ ತಲೆಗೆ ಬರುತ್ತದೆಂದು ಅವಳಿಗೆ ಗೊತ್ತಿತ್ತು.

ಬಂತು ಕೂಡ. ವಾರದ ಕೊನೆಗೆ ಶರಣಯ್ಯ ಹೊಲಕ್ಕೆ ಬಂದ. ಜೊತೆಗೆ ಭಾಗ್ಯಜ್ಯೋತಿಯೂ ಬಂದಿದ್ದಳು, ತವರಿನ ಹೊಲ ನೋಡಿ ಬಹಳ ದಿನ ಆತು ಅಂತ. ಮೋಟಾರು ಕೋಣೆಯ ಈಚೆಯ ಸಾಲಿನಲ್ಲಿ, ಕಪ್ಪು ಮಣ್ಣಿನ ಮೇಲೆ, ಉದುರಿದ ಮೊಗ್ಗು ಕೆಂಪು ಕಾಗದದ ಸಮೇತ ಬಿದ್ದಿದ್ದವು.

"ನೋಡಿದ್ಯಾ?" ಶರಣಯ್ಯ ಒಂದನ್ನು ಎತ್ತಿ ಹಿಡಿದ. "ನೋಡಿದ್ಯಾ ಗುರುಲಿಂಗಮ್ಮ? ಹಿರಿಯರು ಸುಮ್ಮನ ಹೇಳ್ತಾರೇನು? ನಾಳೆ ಹುಡುಗ್ಯಾರನ್ನ ಕರಕೊಂಡು ಬಾ. ಮಾತು ಅಂದ್ರ ಮಾತು."

ಹೆಂಗಸರ ಹಾಡು ನಿಂತಿತು. ಕಿಷ್ಟಮ್ಮ ಹಿಡಿದಿದ್ದ ಗಂಡು ಹೂವನ್ನು ಕೆಳಗೆ ಬಿಟ್ಟಳು. ಅವಳ ಮುಖ ನೋಡಿದರೆ ಉದುರಿದ್ದೆಲ್ಲ ತನ್ನ ಕೈಯಿಂದಲೇ ಅಂದುಕೊಂಡಂತಿತ್ತು. ಗುರುಲಿಂಗಮ್ಮನಿಗೆ ಹರಿತಾ ನೆನಪಾದಳು. ವಾರದಿಂದ ಅವಳು ಸಾಲಿಯ ಮುಂದಿನ ಸಾಲಿನಲ್ಲಿ ಕೂತಿದ್ದಳು. ನಾಳೆ ಆ ಕೈ ಹಿಡಿದು ಎಳೆದುಕೊಂಡು ಬರಬೇಕಾದವಳು ತಾನೇ.

"ಮಳಿ ಬಂದಿತ್ರೀ ಸಾವ್ಕಾರ್ರೇ. ಮಳಿಗೆ ಹೂ ನಿಲ್ಲಂಗಿಲ್ಲ, ನಿಮಗೂ ಗೊತ್ತೈತಿ. ಆಚೆ ಕಡೆ ಬಿದ್ದಿದ್ದೂ ನೋಡ್ರಿ."

"ಆಚೆ ಕಡೆ ನೋಡೋ ದರಕಾರಿಲ್ಲ ನನಗ. ಕಣ್ಣಾರೆ ಇಲ್ಲೇ ಕಾಣ್ತೈತಿ."

ಯಾರೂ ನೋಡದಿದ್ದಾಗ ಭಾಗ್ಯಜ್ಯೋತಿ ಸಾಲಿನೊಳಗೆ ಇಳಿದಿದ್ದಳು. ಉದುರಿದ್ದನ್ನು ಆರಿಸಿ ಆರಿಸಿ ಸೆರಗಿಗೆ ಹಾಕಿಕೊಂಡು ಬಂದು ಐದು ಕಲ್ಲಿನ ಹತ್ತಿರ ಸುರಿದಳು. ಮತ್ತೆ ಹೋದಳು, ಈ ಸಲ ಮೋಟಾರು ಕೋಣೆಯ ಆಚೆ, ಹುಡುಗಿಯರ ಗುಂಪಿನ ಕಡೆ. ಅಷ್ಟೇ ಸಾಲು ನಡೆದು, ಅಷ್ಟೇ ಹೊತ್ತು ಆರಿಸಿ, ಇನ್ನೊಂದು ಸೆರಗು ತುಂಬ ತಂದು ಮೊದಲನೇದರ ಪಕ್ಕ ಸುರಿದಳು. ಎರಡು ಗುಡ್ಡೆ. ಸೆರಗು ಝಾಡಿಸಿ ಗಂಡನ ಮುಂದೆ ನಿಂತಳು.

"ಹೇಳ್ರಿ. ಯಾವದು ಕಡಿಗೆ ಇದ್ದವರದು, ಯಾವದು ಮಡಿ ಕೂಸುಗೋಳದು?"

ಶರಣಯ್ಯ ಬಗ್ಗಿ ನೋಡಿದ. ಒಂದು ಗುಡ್ಡೆ ಕೆದಕಿದ, ಇನ್ನೊಂದು ಕೆದಕಿದ. ಎರಡೂ ಒಂದೇ ಎತ್ತರ, ಒಂದೇ ಬಣ್ಣ.

"ಮಳಿಗೆ ಮಡಿ ಗೊತ್ತಾಗಂಗಿಲ್ಲ," ಅಂದಳು ಭಾಗ್ಯಜ್ಯೋತಿ. "ಇನ್ನೊಂದು ಕೇಳ್ರಿ. ಹ್ವಾದ ವರ್ಷ ಆಳು ಸಿಗಲಿಲ್ಲ ಅಂತ ಹಬ್ಬದ ಮುಂದ ನನ್ನ ಕರಕೊಂಡು ಬಂದು ಇದೇ ಹೊಲದಾಗ ನಿಲ್ಲಿಸಿದ್ರಿ, ತಿಂಗಳಾನುಗಟ್ಲೆ. ಆವಾಗ ನನ್ನ ಒಂದು ದಿನನಾದ್ರೂ ಕೇಳಿದ್ರೇನು? ನಾನೂ ಹೆಣಮಗಳೇ ಅಲ್ಲೇನು? ಆ ಬೀಜ ಕಂಪನಿ ಪರೀಕ್ಷಿಯಾಗ ಪಾಸಾಗಲಿಲ್ಲೇನು?"

ಬದುವಿನ ಮೇಲೆ ಕೂತಿದ್ದ ಮುದುಕಿ ಅತ್ತೆ ಮೊದಲು ನಕ್ಕಳು. ಆಮೇಲೆ ಸಾಲು ಸಾಲಿನಿಂದ ನಗೆ ಎದ್ದಿತು. ಶರಣಯ್ಯ ಕೈಯಲ್ಲಿದ್ದ ಮೊಗ್ಗನ್ನು ಗುಡ್ಡೆಗೆ ಹಾಕಿದ. ಯಾವ ಗುಡ್ಡೆಗೆ ಹಾಕಿದೆ ಅಂತ ಅವನಿಗೇ ಗೊತ್ತಾಗಲಿಲ್ಲ.

"ಆತಾತು," ಅಂದ. "ಆದ್ರ ಬದುವಿನ ಮ್ಯಾಲ ಮೇಸ್ತ್ರಿ ಮಾತು ಬೇಕೇ ಬೇಕು. ಮಾತಿಲ್ಲದ ಹೊಲಕ್ಕ ನಾ ಆಳು ಇಳಸಂಗಿಲ್ಲ. ನಮ್ಮ ಮಾವನ ಕಾಲದಿಂದ ಬಂದದ್ದು."

"ಮಾತು ಕೊಡ್ತೀನಲ್ರೀ," ಅಂದಳು ಗುರುಲಿಂಗಮ್ಮ. "ಏನು ಮಾತು ಅನ್ನೋದು ನಾ ನೋಡ್ಕೋತೀನಿ."

ಇಷ್ಟಕ್ಕೆ ಎಲ್ಲ ನೆಟ್ಟಗಾಯಿತು ಅಂತಲ್ಲ. ಧರೂರಿನ ಗುಂಪು ಆ ಹೊಲ ಬಿಟ್ಟು ಬೇರೆ ಹೊಲ ಹಿಡಿಯಿತು, ತನ್ನ ಹುಡುಗಿಯರನ್ನು ಕಟ್ಟಿಕೊಂಡೇ. ಡ್ಯಾಮಿನ ಮೇಲೆ ಎರಡು ಆಟೋ ಎದುರಾದಾಗ ಗುರುಲಿಂಗಮ್ಮ ಆ ಮೇಸ್ತ್ರಿಯನ್ನು ನಿಲ್ಲಿಸಿ ಮಾತಾಡುತ್ತಾಳೆ. ಆಕೆ ಮೊದಲು ಬೈದಳು, ಈಗೀಗ ಕೇಳುತ್ತಾಳೆ. ಹಿರೇಬಾವಿಯಲ್ಲಿ ಹಳದಿ ವ್ಯಾನು ಇನ್ನೂ ಬರುತ್ತದೆ, ಕನ್ನಡ ಸಾಲಿಗೆ ಇನ್ನೂ ಒಬ್ಬರೇ ಮಾಸ್ತರು. "ಮಕ್ಕಳನ್ನ ಕಳಿಸ್ರಿ ಅಂದೆ, ಕಳಿಸಿದ್ರಿ. ಈಗ ಕುಂದ್ರಸಾಕ ಜಾಗಿಲ್ಲ," ಅಂತ ಮೌನೇಶ್ ಮಾಸ್ತರ್ರು ದೂರುತ್ತಾರೆ, ಮುಖ ತುಂಬ ನಗು ಇಟ್ಟುಕೊಂಡು. "ವರಾಂಡ ಐತಲ್ರೀ," ಅನ್ನುತ್ತಾಳೆ ಗುರುಲಿಂಗಮ್ಮ. "ಅಲ್ಲೂ ತುಂಬಿದ್ರ ನಮ್ಮ ಕಟ್ಟಿಗೆ ಕರಕೊಂಡು ಬರ್ರಿ." ಹೊಲದಿಂದ ವಾಪಸು ಬಂದ ಹುಡುಗಿಯರನ್ನು ಹಿಂದಿನ ಗೋಡೆಗೆ ಕೂಡಗೊಡುವುದಿಲ್ಲ ಮಾಸ್ತರ್ರು. ಹರಿತಾಳನ್ನು ಆ ಹುಡುಗಿಯರ ನಡುವೆ ಕೂಡಿಸಿದ್ದಾರೆ. ಅವರಿಗೆ ತಪ್ಪಿದ ಪಾಠವನ್ನೆಲ್ಲ ಅವಳು ಓದಿ ಹೇಳುತ್ತಾಳೆ, ಸಿಟ್ಟು ಬಂದರೆ ಗುರುಲಿಂಗಮ್ಮನ ಹಂಗೇ ಬೈಯುತ್ತಾಳಂತೆ.

ಹೊಳೆಯ ದಂಡೆಗೆ ಈಗ ಯಾರೂ ಇಳಿಯುವುದಿಲ್ಲ. ಮೇಲೆ ರಸ್ತೆಯ ಪಕ್ಕ ಜಾಲಿ ಗಿಡದ ಕೆಳಗೆ ಬುತ್ತಿ ಬಿಚ್ಚುತ್ತಾರೆ. ಹೆಂಗಸರು ಬಂದ ಮೊದಲ ದಿನವೇ ಗುರುಲಿಂಗಮ್ಮ ಒಬ್ಬಳೇ ಕೆಳಗಿಳಿದು, ಹಸಿ ಅರಿವೆಯಿಂದ ಆ ಬೋರ್ಡಿನ ಮೇಲಿನ ವಿಭೂತಿಯನ್ನೆಲ್ಲ ತಿಕ್ಕಿ ಒರೆಸಿ ಬಂದಳು. ಅಕ್ಷರ ಈಗ ರಸ್ತೆಯಿಂದಲೇ ಕಾಣುತ್ತವೆ.

ಈ ವರ್ಷದ ಶ್ರಾವಣದ ಮೊದಲ ಮುಂಜಾನೆ. ಬೇವಿನ ಗಿಡದ ಕೆಳಗೆ ವ್ಯಾನು ಬಂತು, ಆಟೋ ಬಂತು. ಆಟೋ ತುಂಬ ಹೆಂಗಸರು, ಕಿಷ್ಟಮ್ಮ ಮುಂದಿನ ಸೀಟಿನಲ್ಲಿ. ತಿರುಪತಿಗೆ ಜಾಗ ಸಾಲದೆ ಅರ್ಧ ಹೊರಗೆ ಜೋತಾಡುತ್ತಿದ್ದ.

"ಹುಡುಗ್ಯಾರು ಇದ್ದಾಗ ಚಲೋ ಇತ್ತಕ್ಕಾ, ಹಗೂರ ಇದ್ರು," ಅಂದ.

"ಹೊಡಿಯೋ ಸುಮ್ಮನ. ಸಾಲಿ ಮುಂದಿಂದ ಹೊಡಿ."

"ಅದು ಸುತ್ತು ಆಗತೈತಿ."

"ಆಗಲಿ."

ಸಾಲಿಯ ಅಂಗಳದಲ್ಲಿ ಮಕ್ಕಳು ಸಾಲಾಗಿ ನಿಂತಿದ್ದರು. ಗುರುಲಿಂಗಮ್ಮ ಆಟೋದಿಂದ ಕತ್ತು ಹೊರಗೆ ಹಾಕಿ, ತನ್ನ ಹಳೇ ಗುಂಪಿನ ಹುಡುಗಿಯರನ್ನು ಒಬ್ಬೊಬ್ಬರನ್ನಾಗಿ ಕಣ್ಣಲ್ಲೇ ಹುಡುಕಿದಳು. ಐದನೇ ತರಗತಿಯ ಸಾಲಿನ ಮುಂದೆ ಹರಿತಾ, ಎರಡೂ ಜಡೆಗೆ ರಿಬ್ಬನ್ನು. "ಅಜ್ಜೀ!" ಅಂತ ಕೂಗಿದಳು. ಗುರುಲಿಂಗಮ್ಮ ಈ ಸಲ ತಿದ್ದಲಿಲ್ಲ.

ಹೊಲದ ಬದುವಿನಲ್ಲಿ ಹೆಂಗಸರು ಕಾದು ನಿಂತರು. ಶರಣಯ್ಯನೂ ಬಂದು ನಿಂತಿದ್ದ, ಮೊದಲ ದಿನದ ಮಾತು ಕೇಳಿಸಿಕೊಳ್ಳಲು. ಗುರುಲಿಂಗಮ್ಮ ಐದು ಕಲ್ಲಿಗೆ ಅರಿಶಿನ ಹಚ್ಚಿದಳು. ಬಗ್ಗಿ ಕಲ್ಲು ಮುಟ್ಟಿದಳು. ಆಮೇಲೆ ಆಚೆ ಹೊಲಕ್ಕೂ ಕೇಳುವಂಥ ದನಿಯಲ್ಲಿ ಅಂದಳು:

"ನಮ್ಮೊಳಗ ಕೂಸು ಯಾರೂ ಇಲ್ಲ. ನಮ್ಮ ಕೂಸುಗೋಳು ಎಲ್ಲಾ ಸಾಲಿಯಾಗ ಅದಾವ. ಕಣ್ಣಾರೆ ನೋಡಿ ಬಂದೀನಿ."

ಮತ್ತೆ ಸೆರಗು ಸೊಂಟಕ್ಕೆ ಸಿಕ್ಕಿಸಿ ಹೆಂಗಸರ ಕಡೆ ತಿರುಗಿದಳು.

"ಇಳೀರಿ ಇನ್ನ. ಹೂ ಅರಳಾಕ ಹತ್ಯಾವ."